ಚಿಪ್ಪಿಕುದುರಿನ ಸೇಸಿ ಮತ್ತು ಚಕ್ರವರ್ತಿಯ ಭಾವಮೈದುನ

ಸಮುದ್ರದ ನಡುವೆ ಚಿಪ್ಪಿಕುದುರು ಎಂಬ ಒಂದು ರಾಜ್ಯವಿತ್ತು. ರಾಜ್ಯವೆಂದ ಕೂಡಲೇ ಕೋಟೆ, ಆನೆ, ಕುದುರೆ ಎಂದು ಯೋಚಿಸಬೇಡಿ, ಮಕ್ಕಳೇ. ಅಲ್ಲಿ ಆನೆ ನಿಂತರೆ ಕುದುರೆಗೆ ನಿಲ್ಲಲು ಜಾಗವಿರಲಿಲ್ಲ. ಅರಮನೆಗೆ ಎರಡೇ ಕೋಣೆ. ಒಂದರಲ್ಲಿ ರಾಜ ತಿಮ್ಮರಸ ಮಲಗುತ್ತಿದ್ದ. ಇನ್ನೊಂದರಲ್ಲಿ ಅವನ ಮೀನುಬಲೆ ಒಣಗುತ್ತಿತ್ತು.

ಆ ಕುದುರಿನಲ್ಲಿ, ಅಂದರೆ ಆ ನಡುಗಡ್ಡೆಯಲ್ಲಿ, ಸೇಸಿ ಎಂಬ ಹುಡುಗಿಯಿದ್ದಳು. ತಂದೆ ತಾಯಿ ಇಲ್ಲದ ಅವಳನ್ನು ಸೋದರತ್ತೆ ದುಗ್ಗಮ್ಮ ಸಾಕಿದ್ದಳು. ದುಗ್ಗಮ್ಮ ಬಂಡೆಗಳಿಂದ ಚಿಪ್ಪಿ ಕಿತ್ತು ಮಾರುವವಳು. ಕುದುರಿನ ಮಕ್ಕಳಿಗೆಲ್ಲ ಈಜು ಕಲಿಸುವವಳೂ ಅವಳೇ. ಅವಳ ಬಳಿ ಕಲಿಯುವವರು ಬೆಳಕು ಹರಿಯುವ ಮೊದಲೇ ಎದ್ದು, ಜಡೆ ಬಿಗಿಯಾಗಿ ಹೆಣೆದು, ಉಗುರು ಕತ್ತರಿಸಿ, ಸಾಲಾಗಿ ನಿಲ್ಲಬೇಕಾಗಿತ್ತು. ತಡವಾಗಿ ಬಂದವರು ಅಂದು ಬರಿದೇ ದಡದಲ್ಲಿ ಕೂರಬೇಕು. ಸೇಸಿ ಒಂದು ದಿನವೂ ದಡದಲ್ಲಿ ಕುಳಿತವಳಲ್ಲ.

ಅವಳು ದೂರ ದೂರ ಈಜುವವಳಲ್ಲ. ಈ ಬಂಡೆಯಿಂದ ಎದುರಿನ ಬಂಡೆಗೆ, ಒಂದೇ ಉಸಿರಿನಲ್ಲಿ. ಅಷ್ಟೇ ಅವಳ ಈಜು. ಆದರೆ ಆ ಒಂದು ಉಸಿರಿನ ದೂರದಲ್ಲಿ ಅವಳನ್ನು ಹಿಂದೆ ಹಾಕುವವರು ಕುದುರಿನಲ್ಲಿ ಯಾರೂ ಇರಲಿಲ್ಲ.

ಹೀಗಿರುವಾಗ ಡಂಗುರದವನೊಬ್ಬ ದಾರಿ ತಪ್ಪಿ ಅಲ್ಲಿಗೆ ಬಂದ. ಬೇರೆ ಯಾವುದೋ ದೊಡ್ಡ ರಾಜ್ಯಕ್ಕೆ ಹೋಗಬೇಕಾಗಿದ್ದವನು. ಬಂದ ಮೇಲೆ ಬಾರಿಸದೆ ಹೋಗುವುದು ಚೆನ್ನಾಗಿರುವುದಿಲ್ಲವೆಂದು ಬಾರಿಸಿದ. ಹೇಮಗಿರಿಯ ಚಕ್ರವರ್ತಿ ನಾಲ್ಕು ವರ್ಷಕ್ಕೊಮ್ಮೆ ಬೆಳ್ಳಿಕೆರೆಯಲ್ಲಿ ಈಜಿನ ಪಂದ್ಯ ನಡೆಸುತ್ತಾನೆ, ಯಾವ ರಾಜ್ಯದವರಾದರೂ ಬರಬಹುದು ಎಂದ. ಒಂದು ನಿಯಮವನ್ನೂ ಹೇಳಿದ. ಮೂರು ಪಂದ್ಯಗಳಲ್ಲಿ ಒಮ್ಮೆಯಾದರೂ ಮೊದಲ ಮೂವರೊಳಗೆ ಬಾರದ ರಾಜ್ಯವನ್ನು ಮುಂದೆಂದೂ ಕರೆಯುವುದಿಲ್ಲ. ಆ ನಿಯಮ ಮಾಡಿದವನು ಚಕ್ರವರ್ತಿಯಲ್ಲ, ಅವನ ಭಾವಮೈದುನ ಪ್ರಚಂಡರಾಯ. ಪಂದ್ಯದ ಮೇಲ್ವಿಚಾರಕನೂ ಅವನೇ, ಪ್ರತಿ ಸಲ ಗೆಲ್ಲುವವನೂ ಅವನೇ.

ಯಾರು ಹೋಗುತ್ತೀರಿ ಎಂದು ತಿಮ್ಮರಸ ಕೇಳಿದ. ಎಲ್ಲರೂ ಸೇಸಿಯ ಮುಖ ನೋಡಿದರು. ಅವಳಿಗೆ ಆಗ ಹದಿನಾರು ವರ್ಷ. ಅವಳು ಮೂರು ಸಲವೂ ಸೋತರೆ ಕುದುರಿನ ಮುಂದಿನ ಮಕ್ಕಳಿಗೂ ಆ ಬಾಗಿಲು ಮುಚ್ಚಿಹೋಗುತ್ತದೆ ಎಂಬುದು ಅವಳಿಗೆ ತಿಳಿದಿತ್ತು.

ರಾಜನೇ ದೋಣಿಗೆ ಹುಟ್ಟು ಹಾಕಿದ. ಅವಳ ಬಟ್ಟೆಯ ಗಂಟನ್ನೂ ಅವನೇ ಹೊತ್ತ. ಬೆಳ್ಳಿಕೆರೆಯ ದಡದಲ್ಲಿ ಎಂಟು ರಾಜ್ಯಗಳ ಈಜುಗಾರರು ನಿಂತಿದ್ದರು. ಪ್ರಚಂಡರಾಯ ಜರಿಯ ನಡುಪಟ್ಟಿ ಕಟ್ಟಿಕೊಂಡು ಮೀಸೆ ತಿರುವುತ್ತ ಬಂದ. ಸೇಸಿಯನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದ.

"ಏನಮ್ಮ, ಉಬ್ಬರ ಬಂದರೆ ನಿಮ್ಮ ರಾಜ್ಯವೇ ಕಾಣುವುದಿಲ್ಲವಂತೆ, ನಿಜವೇ?" ಎಂದ.

"ನಿಜ ಸ್ವಾಮಿ," ಎಂದಳು ಸೇಸಿ. "ಅದಕ್ಕೇ ನಾವೆಲ್ಲ ಈಜು ಕಲಿತಿರುವುದು."

ಸುತ್ತಲಿದ್ದವರು ನಕ್ಕರು. ಪ್ರಚಂಡರಾಯ ನಗಲಿಲ್ಲ.

ಆ ಪಂದ್ಯದಲ್ಲಿ ಒಂದು ಪದ್ಧತಿಯಿತ್ತು. ಎಲ್ಲರಿಗಿಂತ ದೂರದಿಂದ ಬಂದವರನ್ನು ಚಕ್ರವರ್ತಿ ತನ್ನ ದೋಣಿಯಿಂದಲೇ, ನಿಮಗೇನು ಬೇಕು ಎಂದು ಕೇಳುತ್ತಿದ್ದ. ಅಂದು ಸೇಸಿಯನ್ನು ಕೇಳಿದ. ಅವಳು ಏನೂ ಬೇಡವೆಂದಳು.

ನಗಾರಿ ಮೊಳಗಿತು. ಏಳು ಜನ ನೀರಿಗೆ ಹಾರಿದರು. ಸೇಸಿ ಕಲ್ಲಿನ ಮೇಲೆ ನಿಂತೇ ಇದ್ದಳು. ಆಮೇಲೆ ಹಾರಿದಳು, ಎಲ್ಲರಿಗಿಂತ ಕೊನೆಯವಳಾಗಿ ದಡ ಮುಟ್ಟಿದಳು. ಪ್ರಚಂಡರಾಯ ಗೆದ್ದ.

ಊರಿಗೆ ಬಂದಾಗ ದುಗ್ಗಮ್ಮ ಬೈಯಲಿಲ್ಲ. ಏನಾಯಿತೆಂದು ಮಾತ್ರ ಕೇಳಿದಳು.

"ಅಲೆಗೆ ಕಾದೆ, ಅತ್ತೆ."

"ಕೆರೆಯಲ್ಲಿ ಅಲೆ ಬರುತ್ತದೆಯೇ?"

"ಬರಲಿಲ್ಲ," ಎಂದಳು ಸೇಸಿ.

ಕುದುರಿನವರ ಅಭ್ಯಾಸವೇ ಹಾಗೆ. ಅಲೆ ಒಡೆಯುವವರೆಗೆ ಕಾದು, ಅದರ ಹಿಂದೆಯೇ ಹಾರುವುದು. ಆ ಅಭ್ಯಾಸ ಬಿಡಿಸಲು ದುಗ್ಗಮ್ಮ ಒಂದು ತಾಮ್ರದ ಕೊಳಗ ಹಿಡಿದಳು. ಹೊತ್ತಿಲ್ಲ, ಗೊತ್ತಿಲ್ಲ, ಮನಸ್ಸಿಗೆ ಬಂದಾಗ ಬಾರಿಸುವಳು. ಶಬ್ದ ಕೇಳಿದ ಕೂಡಲೇ ಸೇಸಿ ನೀರಿನಲ್ಲಿರಬೇಕು. ಸೇಸಿ ಪಾತ್ರೆ ತೊಳೆಯುತ್ತಿದ್ದರೆ ಪಾತ್ರೆ ಬಿಟ್ಟು ಹಾರಿದಳು. ತಲೆ ಬಾಚುತ್ತಿದ್ದರೆ ಬಾಚಣಿಗೆ ಹಿಡಿದೇ ಹಾರಿದಳು. ಊರಿನವರೂ ತಟ್ಟೆ, ಡಬ್ಬಿ ಬಾರಿಸತೊಡಗಿದರು. ಒಮ್ಮೆ ರಾಜನೇ ಊಟದ ಹೊತ್ತಿಗೆ ಬಾರಿಸಿ, ಅವಳು ಗಂಜಿ ಬಿಟ್ಟು ಓಡಿದ್ದು ಕಂಡು ಪಶ್ಚಾತ್ತಾಪಪಟ್ಟ. ನಾಲ್ಕು ವರ್ಷ ಅವಳು ಒಂದು ಸಲವೂ, ಸಾಕು ಅತ್ತೆ, ಎನ್ನಲಿಲ್ಲ.

ಎರಡನೆಯ ಪಂದ್ಯ ಬಂತು. ಪ್ರಚಂಡರಾಯ ಅವಳನ್ನು ಗುರುತಿಸಿದ. ಅವಳು ಅಲೆಗೆ ಕಾದ ಸುದ್ದಿ ಅವನ ಕಿವಿಗೂ ಬಿದ್ದಿತ್ತು; ಈ ಸಲ ಅಲೆ ತರಿಸಿಕೊಡೋಣವೇ ಎಂದು ಕುಟುಕಿದ. ಚಕ್ರವರ್ತಿ ಏನು ಬೇಕೆಂದು ಕೇಳಿದ. ಅವಳು ಏನೂ ಬೇಡವೆಂದಳು. ನಗಾರಿ ಮೊಳಗಿತು.

ಈ ಸಲ ಎಲ್ಲರಿಗಿಂತ ಮೊದಲು ನೀರಿಗೆ ಬಿದ್ದವಳು ಸೇಸಿ. ಆದರೆ ಸಿಹಿನೀರು ಉಪ್ಪುನೀರಿನ ಹಾಗೆ ಮೈಯನ್ನು ಎತ್ತಿ ಹಿಡಿಯುವುದಿಲ್ಲ. ಅವಳ ಸೊಂಟ ಕೆಳಗಿಳಿಯಿತು. ಸಮುದ್ರದಲ್ಲಿ ಈಜುವವರ ಹಾಗೆ ಅವಳು ಮುಂದಿನ ಅಲೆಗಾಗಿ ತಲೆ ಎತ್ತಿ ಎತ್ತಿ ನೋಡುತ್ತಿದ್ದುದರಿಂದ ಇನ್ನಷ್ಟು ಇಳಿಯಿತು. ಅವಳು ನಾಲ್ಕನೆಯವಳಾದಳು. ಒಂದೇ ಒಂದು ಸ್ಥಾನದಿಂದ ತಪ್ಪಿತು. ಮೊದಲಿಗ ಎಂದಿನಂತೆ ಪ್ರಚಂಡರಾಯ.

ಆದರೆ ತಲೆ ಎತ್ತಿದವಳ ಕಣ್ಣಿಗೆ ಒಂದು ವಿಚಿತ್ರ ಕಂಡಿತ್ತು. ಪ್ರಚಂಡರಾಯನ ಕೈಗಳು ಸುಮ್ಮನಿದ್ದಾಗಲೂ ಅವನು ಮುಂದೆ ಹೋಗುತ್ತಿದ್ದ. ಹುಟ್ಟು ಹಾಕಿದ ದೋಣಿ ನೀರನ್ನು ಕಲಕುತ್ತದೆ. ಹಗ್ಗ ಕಟ್ಟಿ ಎಳೆದ ದೋಣಿ ನೀರನ್ನು ಸೀಳುತ್ತದೆ. ಕುದುರಿನಲ್ಲಿ ಹುಟ್ಟಿದವರಿಗೆ ಈ ವ್ಯತ್ಯಾಸ ಹೇಳಿಕೊಡಬೇಕಾಗಿಲ್ಲ. ಪ್ರಚಂಡರಾಯನ ಎದೆ ನೀರನ್ನು ಸೀಳುತ್ತಿತ್ತು.

ಎಲ್ಲರೂ ಅವನಿಗೆ ಹಾರ ಹಾಕುತ್ತಿದ್ದಾಗ ಸೇಸಿ ಗೆಲುವಿನ ದಡದಲ್ಲಿದ್ದ ಕಲ್ಲಿನ ಮಂಟಪದ ಕಡೆ ಹೋದಳು. ಮಂಟಪಕ್ಕೆ ದಪ್ಪ ಪರದೆ ಇಳಿಬಿಟ್ಟಿದ್ದರು. ಸಂದಿಯಿಂದ ಇಣುಕಿದಳು. ನಾಲ್ಕು ಜನ ಜಟ್ಟಿಗಳು ಕುಳಿತು ಅಂಗೈಗೆ ಎಣ್ಣೆ ಸವರಿಕೊಳ್ಳುತ್ತಿದ್ದರು. ಪಕ್ಕದಲ್ಲಿ ನೀರಿನದೇ ಬಣ್ಣದ ರೇಷ್ಮೆ ಹಗ್ಗದ ಸುರುಳಿ. ಈಜಿ ಬಂದ ಪ್ರಚಂಡರಾಯನಿಗೆ ಏದುಸಿರು ಇರಲಿಲ್ಲ. ಮಂಟಪದೊಳಗೆ ಕುಳಿತವರಿಗೆ ಏದುಸಿರು ಇತ್ತು.

ಊರಿಗೆ ಬಂದು ಹೇಳಿದಾಗ ತಿಮ್ಮರಸನಿಗೆ ಸಿಟ್ಟು ಬಂತು. ತನ್ನಲ್ಲಿದ್ದ ಒಂದೇ ಶಾಲು ಹೊದ್ದು, ಈಗಲೇ ಚಕ್ರವರ್ತಿಗೆ ದೂರು ಕೊಡುತ್ತೇನೆಂದು ಹೊರಟ.

ದುಗ್ಗಮ್ಮ ಅವನನ್ನು ತಡೆದಳು. "ಹೇಳಿ, ಪ್ರಭು. ಹಗ್ಗ ಎಲ್ಲಿ ಎಂದು ಅವರು ಕೇಳುತ್ತಾರೆ. ಅಷ್ಟು ಹೊತ್ತಿಗೆ ಹಗ್ಗ ಇರುವುದಿಲ್ಲ. ಸೋತವರ ಹೊಟ್ಟೆಕಿಚ್ಚು ಎನ್ನುತ್ತಾರೆ."

ತಿಮ್ಮರಸ ಶಾಲು ಮಡಚಿಟ್ಟ. ದುಗ್ಗಮ್ಮ ಸೇಸಿಯ ಕಡೆ ತಿರುಗಿ, ಆ ಜಟ್ಟಿಗಳಿಗೆ ಕೆರೆ ಕಾಣುತ್ತದೆಯೇ ಎಂದು ಕೇಳಿದಳು. ಇಲ್ಲ, ಪರದೆ ಅಡ್ಡ ಇದೆ; ನಗಾರಿ ಕೇಳಿದ ಕೂಡಲೇ ಎಳೆಯುತ್ತಾರೆ, ಅಷ್ಟೇ, ಎಂದಳು ಸೇಸಿ. ಹೇಳುತ್ತಿದ್ದಂತೆಯೇ ಅವಳಿಗೆ ಏನೋ ಹೊಳೆಯಿತು. ಅವಳು ನಕ್ಕಳು.

"ನಗು ಆಮೇಲೆ," ಎಂದಳು ದುಗ್ಗಮ್ಮ. "ಉಪಾಯದಿಂದ ಅವನು ಸೋಲಬಹುದು. ನೀನು ಗೆಲ್ಲುವುದಿಲ್ಲ. ಗೆಲ್ಲಬೇಕಾದರೆ ಈಜಬೇಕು."

ಮತ್ತೆ ನಾಲ್ಕು ವರ್ಷ. ಸೇಸಿ ಸೊಂಟಕ್ಕೆ ಮರಳಿನ ಚೀಲ ಕಟ್ಟಿಕೊಂಡಳು. ಆಗ ಉಪ್ಪುನೀರಿನಲ್ಲೂ ಮೈ ಸಿಹಿನೀರಿನಲ್ಲಿ ಇಳಿಯುವಷ್ಟೇ ಇಳಿಯಿತು. ಆ ಭಾರವನ್ನು ಹೊತ್ತು ಮೈಯನ್ನು ಮಟ್ಟವಾಗಿ ಇಡಲು ಕಲಿತಳು. ಮುಖ ನೀರಿನೊಳಗೇ ಇರಬೇಕು. ತಲೆ ಎತ್ತಿದರೆ ದುಗ್ಗಮ್ಮ ಬಂಡೆಯ ಮೇಲಿನಿಂದ ಒಂದು ಖಾಲಿ ಚಿಪ್ಪು ಎಸೆಯುವಳು. ಅವಳ ಗುರಿ ತಪ್ಪುತ್ತಿರಲಿಲ್ಲ. ಮೊದಲ ವರ್ಷ ಸೇಸಿಯ ಹಣೆ ತುಂಬ ಗಾಯ. ಎರಡನೆಯ ವರ್ಷ ಅಲ್ಲೊಂದು ಇಲ್ಲೊಂದು. ಮೂರನೆಯ ವರ್ಷ ದುಗ್ಗಮ್ಮನ ಕೈಯಲ್ಲಿ ಚಿಪ್ಪು ಹಾಗೆಯೇ ಉಳಿಯಿತು. ಜೊತೆಯ ಹುಡುಗಿಯರು ಹೂ ಮುಡಿದು ಹಾಡಿ ಕುಣಿಯುವ ಸಂಜೆಗಳಲ್ಲಿ ಸೇಸಿ ನೀರಿನಲ್ಲಿದ್ದಳು. ಯಾರೂ ಅವಳನ್ನು ಬಲವಂತ ಮಾಡಿರಲಿಲ್ಲ. ಇದನ್ನು ನೀವು ಚೆನ್ನಾಗಿ ಗಮನಿಸಬೇಕು, ಮಕ್ಕಳೇ.

ಮೂರನೆಯ ಪಂದ್ಯ ಬಂತು. ಕುದುರಿಗೆ ಅದೇ ಕೊನೆಯ ಅವಕಾಶ. ಬೆಳಗಿನ ಹೊತ್ತು. ಸೂರ್ಯ ಎದುರು ದಡದ ಮೇಲಿದ್ದ. ಈಜುಗಾರರು ಕಲ್ಲುಗಳ ಮೇಲೆ ನಿಂತರು. ಪ್ರಚಂಡರಾಯನ ನಡುಪಟ್ಟಿಯ ಒಳಗೆ, ಹೊಟ್ಟೆಯ ಮೇಲೆ, ಹಗ್ಗದ ಗಂಟು ಬಿಗಿದಿತ್ತು. ಹಗ್ಗ ಕೆರೆಯ ತಳದಲ್ಲಿ ಹಾದು ಎದುರು ದಡದ ಮಂಟಪಕ್ಕೆ ಹೋಗಿತ್ತು.

ಚಕ್ರವರ್ತಿ ತನ್ನ ದೋಣಿಯಿಂದ, ನಿನಗೇನು ಬೇಕು ಮಗಳೇ ಎಂದು ಕೇಳಿದ.

ಸೇಸಿ ಕೈಮುಗಿದಳು. "ಪ್ರಭು, ಎದುರು ಬಿಸಿಲು ಎಲ್ಲರ ಕಣ್ಣು ಕುಕ್ಕುತ್ತಿದೆ. ಈ ಸಲ ಆ ದಡದಿಂದ ಈ ದಡಕ್ಕೆ ಈಜಲು ಅಪ್ಪಣೆಯಾಗಲಿ."

ಉಳಿದ ಈಜುಗಾರರು ಒಪ್ಪಿದರು. ಪ್ರಚಂಡರಾಯನ ಮುಖ ಕಪ್ಪಿಟ್ಟಿತು. ಭಾವ, ಇದು ಪದ್ಧತಿಯಲ್ಲ ಎಂದ. ಕೇಳಿದ್ದನ್ನು ಕೊಡುವುದೂ ನಮ್ಮ ಪದ್ಧತಿಯೇ ಎಂದ ಚಕ್ರವರ್ತಿ. ದಡ ಬದಲಿಸಲು ಬಹಳ ಹೊತ್ತಾಗುತ್ತದೆ ಎಂದ ಪ್ರಚಂಡರಾಯ. ನಮಗೆ ಅವಸರವಿಲ್ಲ ಎಂದ ಚಕ್ರವರ್ತಿ. ಕೊನೆಗೆ ಪ್ರಚಂಡರಾಯ ಹೊಟ್ಟೆ ಹಿಡಿದುಕೊಂಡು ನೋವು ಎಂದ. ರಾಜವೈದ್ಯರನ್ನು ಕರೆಯಿರಿ, ನಡುಪಟ್ಟಿ ಬಿಚ್ಚಿ ನೋಡಲಿ, ಎಂದ ಚಕ್ರವರ್ತಿ. ನೋವು ಆ ಕ್ಷಣವೇ ಹೋಯಿತು.

ಎಲ್ಲರನ್ನೂ ದೋಣಿಯಲ್ಲಿ ಎದುರು ದಡಕ್ಕೆ ಕರೆದೊಯ್ದರು. ಪ್ರಚಂಡರಾಯ ದೋಣಿಯ ಅಂಚಿಗೆ ಹೊಟ್ಟೆ ಒತ್ತಿ ಕುಳಿತ. ಹಗ್ಗ ಸಡಿಲವಾಗಿ ಹಿಂದೆ ಹಿಂದೆ ಬಂತು. ಈಗ ಅವನು ನಿಂತ ಕಲ್ಲಿನ ಪಕ್ಕದಲ್ಲೇ ಮಂಟಪ. ಆದರೆ ಎಡಗಡೆ ತೀರ್ಪು ಹೇಳುವ ಪಂಚರು, ಬಲಗಡೆ ಈಜುಗಾರರು. ಕೂಗಿ ಹೇಳುವ ಹಾಗಿಲ್ಲ. ಅವನು ಒಮ್ಮೆ ಕೆಮ್ಮಿದ. ಮತ್ತೊಮ್ಮೆ ಕೆಮ್ಮಿದ. ಮೂರನೆಯ ಸಲ ಜೋರಾಗಿ ಕೆಮ್ಮಿದ. ಪರದೆಯೊಳಗಿನ ಜಟ್ಟಿಗಳು, ಪಾಪ, ಧಣಿಗಳಿಗೆ ಶೀತವಾಗಿದೆ ಎಂದುಕೊಂಡರು.

ನಗಾರಿ ಮೊಳಗಿತು.

ಎಂಟೂ ಜನ ಹಾರಿದರು. ಜಟ್ಟಿಗಳು ಎಳೆಯತೊಡಗಿದರು. ಸಡಿಲವಿದ್ದ ಹಗ್ಗ ಒಳಗೆ ಬಂತು, ಬಂತು, ಬಿಗಿಯಾಯಿತು. ಕೆರೆಯ ನಡುವಿನವರೆಗೆ ಹೇಗೋ ಹೋಗಿದ್ದ ಪ್ರಚಂಡರಾಯ ಅಲ್ಲಿ ನಿಂತ. ಆಮೇಲೆ ಹಿಂದಕ್ಕೆ ಹೊರಟ. ಕೈಗಳು ಮುಂದಕ್ಕೆ ಬಡಿಯುತ್ತಿವೆ, ಮೈ ಹಿಂದಕ್ಕೆ ಹೋಗುತ್ತಿದೆ. ಅವನು ಬಲವಾಗಿ ಬಡಿದಷ್ಟೂ ಜಟ್ಟಿಗಳಿಗೆ ಹಗ್ಗ ಭಾರವೆನಿಸಿತು. ಭಾರವೆನಿಸಿದಷ್ಟೂ ನಿಷ್ಠೆಯಿಂದ ಎಳೆದರು. ಪರದೆ ಹರಿಯಿತು. ಪ್ರಚಂಡರಾಯ ಮಂಟಪದೊಳಗೆ ಬಂದು ನಾಲ್ವರ ಕಾಲಬುಡದಲ್ಲಿ ಬಿದ್ದ. ಗೆದ್ದಿರಿ ಧಣಿ, ಎಂದು ಅವರು ಕೈಮುಗಿದರು.

ದಡದಲ್ಲಿದ್ದ ಮುದುಕರು, ಮಕ್ಕಳು, ಕಾವಲಿನವರು ಎಲ್ಲರೂ ಹೊಟ್ಟೆ ಹಿಡಿದು ನಕ್ಕರು. ಚಕ್ರವರ್ತಿಯೂ ನಕ್ಕ. ಹಗ್ಗ ಕಂಡ ಮೇಲೆ ಅವನ ನಗು ನಿಂತಿತು.

ಇತ್ತ ಈಚೆ ದಡದಲ್ಲಿ ಪಂದ್ಯ ಮುಗಿಯುತ್ತಿತ್ತು. ಉತ್ತರದೇಶದ ಈಜುಗಾರ, ಎತ್ತರದ ಆಳು, ಬಲಶಾಲಿ, ಸೇಸಿಯ ಸರಿಸಮಕ್ಕೆ ಬಂದಿದ್ದ. ಅವನು ಒಮ್ಮೆ ಉಸಿರಿಗಾಗಿ ಮುಖ ತಿರುಗಿಸಿದ. ಸೇಸಿ ತಿರುಗಿಸಲಿಲ್ಲ. ಎದೆ ಉರಿಯಿತು, ಕಣ್ಣು ಕತ್ತಲಿಟ್ಟಿತು; ಅವಳು ತಿರುಗಿಸಲಿಲ್ಲ. ಒಂದು ಗೇಣು ಮುಂದಾಗಿ ಅವಳ ಕೈ ಕಲ್ಲನ್ನು ಮುಟ್ಟಿತು. ಉತ್ತರದೇಶದವನೇ ಮೊದಲು ಅವಳ ಕೈ ಎತ್ತಿ ಹಿಡಿದ.

ಮೋಸ ಮಾಡಿದವನು ಸೋತ, ಅದರಲ್ಲಿ ಆಶ್ಚರ್ಯವಿಲ್ಲ. ಆದರೆ ಮೋಸ ಮಾಡದ ಆರು ಜನರನ್ನೂ ಅವಳು ಗೆದ್ದಿದ್ದಳು. ಗೆಲುವೆಂದರೆ ಅದು.

ಚಕ್ರವರ್ತಿ ತಾನೇ ಬಂದು ಹಾರ ಹಾಕಿದ. ಹಾಕುತ್ತ ಕೇಳಿದ: "ನನ್ನ ಭಾವಮೈದುನ ಹಿಮ್ಮುಖವಾಗಿ ಹೋದದ್ದನ್ನು ನೋಡಿದೆಯಾ, ಮಗಳೇ?"

"ಇಲ್ಲ ಪ್ರಭು," ಎಂದಳು ಸೇಸಿ. "ನಾನು ಈಜುತ್ತಿದ್ದೆ."

ಚಕ್ರವರ್ತಿ ಅಲ್ಲೇ ಪ್ರಚಂಡರಾಯನ ನಿಯಮವನ್ನು ರದ್ದು ಮಾಡಿದ. ಎಷ್ಟು ಸಲ ಸೋತರೂ ಯಾವ ರಾಜ್ಯಕ್ಕೂ ಬಾಗಿಲು ಮುಚ್ಚುವುದಿಲ್ಲವೆಂದು ಸಾರಿಸಿದ. ಪ್ರಚಂಡರಾಯನ ಹಾರಗಳನ್ನೆಲ್ಲ ಹಿಂದಕ್ಕೆ ಪಡೆದು, ಆಯಾ ಪಂದ್ಯದಲ್ಲಿ ಎರಡನೆಯವರಾಗಿ ಬಂದವರ ಮನೆಗಳಿಗೆ ಕಳುಹಿಸಿದ. ಅವನನ್ನು ಚಿಪ್ಪಿಕುದುರಿಗೆ ಕಳುಹಿಸಿ, ಈಜು ಕಲಿತ ಮೇಲೆ ಬಾ ಎಂದ.

ಸೇಸಿ ಇನ್ನೂ ಎರಡು ಪಂದ್ಯಗಳಲ್ಲಿ ಈಜಿದಳು. ಒಂದರಲ್ಲಿ ಗೆದ್ದಳು, ಒಂದರಲ್ಲಿ ಸೋತಳು. ಸೋತ ದಿನವೂ ಗೆದ್ದವರ ಕೈಯನ್ನು ತಾನೇ ಎತ್ತಿ ಹಿಡಿದಳು. ಆಮೇಲೆ ಅವಳ ಜಾಗದಲ್ಲಿ ಕುದುರಿನ ಬೇರೆ ಮಕ್ಕಳು ಹೋದರು. ಪ್ರಚಂಡರಾಯನೋ, ಐದು ವರ್ಷದ ಮಕ್ಕಳ ಸಾಲಿನಲ್ಲಿ ನಿಂತು, ನೀರು ಕುಡಿದು, ಅತ್ತು, ಕೊನೆಗೂ ಕಲಿತ. ಈಗ ಅವನು ನಿಧಾನವಾಗಿ ಈಜುತ್ತಾನೆ. ಆದರೆ ಅವನೇ ಈಜುತ್ತಾನೆ.

ಮಕ್ಕಳೇ, ಈ ಕಥೆಯ ನೀತಿ ಇಷ್ಟೇ. ಬೇರೆಯವರ ತೋಳಿನಿಂದ ಪಡೆದ ಗೆಲುವು ನಮ್ಮನ್ನು ಯಾವಾಗ ಹಿಂದಕ್ಕೆ ಎಳೆಯುತ್ತದೋ ಹೇಳಲಾಗದು. ಹುಟ್ಟಿದ ಊರು ಎಷ್ಟೇ ಚಿಕ್ಕದಿರಲಿ, ದಿನದಿನವೂ ತಪ್ಪದೆ ದುಡಿದವರು ಆ ಊರನ್ನು ದೊಡ್ಡದು ಮಾಡುತ್ತಾರೆ.