ಮಾವನ್ನ ನೆನೆಸಿದ ದ್ಯಾವ

ಕೇಳೋದಾದ್ರೆ ಕೇಳಿ, ಆದ್ರೆ ಮಧ್ಯದಲ್ಲಿ ಯಾರೂ ‘ಅಯ್ಯೋ ಪಾಪ’ ಅನ್ನಬಾರದು. ಪಾಪ ಅಂದೋರು ಎದ್ದು ಮನೆಗೆ ನಡೀರಿ. ಈ ದ್ಯಾವನ ಕತೆ ಹೇಳುವಾಗ ನನಗೇ ಮೈ ಉರೀತದೆ, ಹೆತ್ತವಳಿಗೆ ಇನ್ನೆಷ್ಟು ಉರಿದಿರಬೇಕು!

ಹೆತ್ತವಳು ನಿಂಗಾಜಮ್ಮ. ಸಂತೆಬೀದಿ ಕೊನೇಲಿ ಅವಳದೊಂದು ಮಿಲಿಟ್ರಿ ಹೋಟ್ಲು. ಮುದ್ದೆ, ಕೈಮ, ಕಾಲು ಸೂಪು. ಗಂಡ ಸತ್ತ ಮೇಲೆ ಒಬ್ಬಳೇ ಒಲೆ ಮುಂದೆ ನಿಂತು ಆ ಹೋಟ್ಲು ಉಳಿಸಿಕೊಂಡಿದ್ದಳು. ಗಿರಾಕಿ ತಟ್ಟೇಲಿ ಒಂದು ತುತ್ತು ಬಿಟ್ಟರೂ ‘ಯಾಕ್ರಣ್ಣ, ನಾನು ಸತ್ತಿದ್ದೀನಾ?’ ಅಂತ ಗದರೋ ಹೆಂಗಸು. ಅಂಥವಳಿಗೆ ಹುಟ್ಟಿದ ಮಗ ದ್ಯಾವ. ಎತ್ತಿನಂಥ ಆಳು, ಮಾತು ಮೀರೋನಲ್ಲ, ಕಳ್ಳತನ ಇಲ್ಲ, ಸುಳ್ಳಿಲ್ಲ. ಬುದ್ಧೀನೂ ಇಲ್ಲ. ಕೂತ್ಕೋ ಅಂದ್ರೆ ಎಲ್ಲಿ ಅಂತ ಕೇಳದೆ ಕೆಸರಲ್ಲೇ ಕೂರೋನು.

‘ನಾನು ಕಣ್ಣು ಮುಚ್ಚಿದ ಮೇಲೆ ಇವನಿಗ್ಯಾರು ಗತಿ?’ ಅಂತ ನಿಂಗಾಜಮ್ಮ ಒಳಗೊಳಗೇ ಬೇಯ್ತಿದ್ದಳು. ಅವಳ ಅಣ್ಣ ಮುದ್ದೇಗೌಡನಿಗೆ ಚಂದ್ರಿ ಅಂತ ಒಬ್ಬಳು ಮಗಳು, ಬಲು ಗಟ್ಟಿಗಿತ್ತಿ. ಸೋದರಮಾವನ ಮಗಳು, ಕೇಳೋ ಹಕ್ಕಿತ್ತು, ಕೇಳಿದಳು. ಅಣ್ಣ ಹಲ್ಲು ಕಚ್ಚಿಕೊಂಡು ಹೇಳಿದ:

“ನಿಂಗಿ, ನಿನ್ನ ಮಗ ಹೋಟ್ಲು ನಡೆಸೋ ಗಂಡಸೋ ಇಲ್ಲ ಹೋಟ್ಲು ಮುಂದೆ ನಿಲ್ಲಿಸೋ ಕಂಬವೋ, ನೋಡ್ಬೇಕು ನಾನು. ಭಾನುವಾರ ಬತ್ತೀನಿ. ಅವನ ಕೈಯಾರೆ ಕೋಳಿ ಮಾಡಿ ಬಡಿಸಲಿ. ನೀನು ಸೌಟು ಮುಟ್ಟಂಗಿಲ್ಲ!”

“ಆಗಲಿ ಅಣ್ಣಯ್ಯ, ಜೋರಾಗಿ ಫ್ರೈ ಮಾಡಿಸ್ತೀನಿ.”

“ಫ್ರೈಯಂತೆ ಫ್ರೈ! ಡಾಕ್ಟ್ರು ನನಗೆ ಕರಿದದ್ದು ಮೂಸಲೂ ಬೇಡ ಅಂದವ್ರೆ. ಒಂದು ತೊಟ್ಟು ಎಣ್ಣೆ ಇರಬಾರದು. ಆದ್ರೆ ಕುರುಕುರು ಅನ್ನಬೇಕು. ಮೆತ್ತಗಿರೋ ಕೋಳಿ ತಿನ್ನಕ್ಕೆ ನನಗೇನು ಹಲ್ಲು ಉದುರಿದಾವಾ?”

ಎಣ್ಣೆ ಇಲ್ಲದೆ ಕುರುಕುರು! ನಿಂಗಾಜಮ್ಮ ಯೋಚಿಸಿದಳು. ಮಸಾಲೆ ಮೊಸರಲ್ಲಿ ಕೋಳಿ ನೆನೆಸಿ, ಹುರಿದು ಕುಟ್ಟಿದ ಕಡ್ಲೆಬೀಜ ಮೈತುಂಬ ಮೆತ್ತಿ, ಪಕ್ಕದ ಮಸ್ತಾನ್ ಸಾಬ್ರ ಬೇಕರಿ ಭಟ್ಟಿಯೊಳಗೆ ಇಟ್ಟರೆ? ಬನ್ನು ಬೇಯೋ ಭಟ್ಟೀಲಿ ಕೋಳಿ ಬೇಯಲ್ವಾ? ಬೇಯ್ತದೆ. ಸಾಬ್ರೂ ಹೂಂ ಅಂದರು.

ಭಾನುವಾರ ಬೆಳಗ್ಗೆ ಹೋಟ್ಲು ತುಂಬ ಜನ. ನಿಂಗಾಜಮ್ಮ ಮಗನ್ನ ಹಿಂದಿನ ಅಡುಗೆಮನೆಗೆ ಎಳೆದು ತಂದಳು. “ಅಗೋ ಕೋಳಿ, ಅಗೋ ಮಸಾಲೆ ಕಲಸಿದ ಮೊಸರಿನ ಗಡಿಗೆ. ಕೋಳೀನ ಚೆನ್ನಾಗಿ ನೆನೆಸು. ನಾನು ಬರೋವರೆಗೂ ನೆನೆಸು. ತಿಳೀತಾ?”

“ತಿಳೀತವ್ವ.”

ಮುದ್ದೆ ಬಡಿಸಿ ಬಂದು ನೋಡ್ತಾಳೆ, ಕೋಳಿ ತಟ್ಟೇಲಿ ಒಣಗ್ತಾ ಐತೆ. ಮೊಸರು ಮೊಸರಿನ ಜಾಗದಲ್ಲೈತೆ. ದ್ಯಾವ ಗೋಡೆಗೆ ಒರಗಿ, ಕಣ್ಣು ಮುಚ್ಚಿ, ಮೂಗು ಸೊರಸೊರ ಅನ್ನಿಸ್ತಾ ಕೂತವ್ನೆ.

“ಏನ್ಲಾ ಮಾಡ್ತಿದ್ದೀಯ?”

“ಕೋಳೀನ ನೆನೆಸ್ತಿದ್ದೀನಿ ಕಣವ್ವ. ಕೆಂಪು ಪುಕ್ಕ ಇತ್ತು. ಬೆಳಗಾನೆ ಕೂಗೋದು. ನೆನೆಸಿದಷ್ಟೂ ಅಳು ಬತ್ತೈತೆ.”

ನಿಂಗಾಜಮ್ಮನಿಗೆ ಸಿಟ್ಟು ನೆತ್ತಿಗೇರಿತು! “ಅಯ್ಯೋ ನಿನ್ನ ಮಕಕ್ಕಷ್ಟು! ನೆನೆಸು ಅಂದ್ರೆ ತಲೇಲಲ್ಲ ಕಣೋ, ಮೊಸರಲ್ಲಿ! ಇನ್ನೊಂದು ಸಲ ನೆನೆಸು ಅಂದ್ರೆ, ತಗೊಂಡು ಹೋಗಿ ಮೊಸರಲ್ಲಿ ಅದ್ದು! ತಲೆ ಮುಳುಗಂಗೆ ಅದ್ದು!”

“ಹಂಗೇ ಆಗಲಿ ಕಣವ್ವ,” ಅಂದ ದ್ಯಾವ. ಕೋಳಿ ಎತ್ತಿ ಮೊಸರಿಗೆ ಹಾಕಿದ.

ಅಷ್ಟಾದ್ರೂ ಮಾಡಿದನಲ್ಲ ಅಂತ ಅವಳ ಸಿಟ್ಟು ಇಳೀತು. ಬೈದೆನಲ್ಲಾ, ಇವತ್ತು ಇವನ ಹಣೆಬರಹ ನಿರ್ಧಾರ ಆಗೋ ದಿನ ಅಂದ್ಕೊಂಡು, ಬಾಗಿಲಲ್ಲಿ ನಿಂತು ಮೆಲ್ಲಗೆ ಹೇಳಿದಳು: “ಮುಂದಿನ ಕೆಲಸಕ್ಕೆ ಕೈ ಹಾಕೋ ಮುಂಚೆ ನಿಮ್ಮಪ್ಪನ್ನ ಒಂದ್ಸಲ ನೆನೆಸು ಮಗಾ. ಎಲ್ಲ ಒಳ್ಳೇದಾಯ್ತದೆ.”

ಆಯ್ತಲ್ಲ! ಗಿರಾಕಿಗಳ ತಟ್ಟೆಗೆ ಸಾರು ಹಾಕಿ ತಿರುಗಿ ಗೋಡೆ ನೋಡ್ತಾಳೆ, ಗಂಡನ ಪಟ ಇಲ್ಲ! ಮೊಳೆ ಒಂದೇ ಐತೆ, ಮೊಳೇಲಿ ಹಾರ ನೇತಾಡ್ತೈತೆ. ಒಳಗೆ ಓಡಿದಳು. ಗಡಿಗೇಲಿ ಕೋಳಿ ಒಂದು ಕಡೆ, ಗಂಡ ಒಂದು ಕಡೆ. ಅರಿಶಿನ ಖಾರದ ಮೊಸರು ಮೀಸೆವರೆಗೂ ಬಂದೈತೆ.

“ಅಪ್ಪನ್ನ ನೆನೆಸಿದೆ ಕಣವ್ವ,” ಅಂದ ದ್ಯಾವ. “ತಲೆ ಮುಳುಗಿಸೋಕೆ ನೋಡಿದೆ, ಪಟದ ಕಟ್ಟು ಅಡ್ಡ ಬಂತು.”

ನಿಂಗಾಜಮ್ಮ ಹಣೆ ಹಣೆ ಚಚ್ಚಿಕೊಂಡಳು. “ಹಾಳಾಗ್ಹೋದೋನೆ! ಪಟ ಕಣ್ಲಾ ಅದು, ಪಟ! ಪಟನ ಯಾರಾದ್ರೂ ಮೊಸರಿಗೆ ಹಾಕ್ತಾರಾ? ಬದುಕಿರೋ ಮನ್ಸ ಆಗಿದ್ರೆ ಮಾತು ಬೇರೆ! ಎದ್ದು ಬಂದು ನಿನ್ನ ಚರ್ಮ ಸುಲೀತಿದ್ದ! ಇನ್ಮೇಲೆ ಪಟ ಮುಟ್ಟಿದ್ರೆ ಕೈ ಮುರೀತೀನಿ!”

“ಪಟ ಹಾಕಬಾರದು. ಬದುಕಿರೋ ಮನ್ಸ ಆದ್ರೆ ಮಾತು ಬೇರೆ,” ಅಂತ ದ್ಯಾವ ಬಾಯಿಪಾಠ ಮಾಡಿಕೊಂಡ. ನೆನಪಿಡಿ ಈ ಮಾತು. ಇದೇ ಮಾತು ಅವಳ ಮನೆಗೆ ಮಾರಿಯಾಯ್ತು.

ಗಂಡನ್ನ ಸೆರಗಲ್ಲಿ ಒರೆಸಿ, ಕಣ್ಣಿಗೊತ್ತಿ, ಮೊಳೆಗೆ ಹಾಕಿದಳು. ಆಮೇಲೆ ದ್ಯಾವನ ಕೈಲೇ ಕಡ್ಲೆಬೀಜ ಹುರಿಸಿ, ಒರಳಲ್ಲಿ ತರಿತರಿಯಾಗಿ ಕುಟ್ಟಿಸಿದಳು. ಕುಟ್ಟೋದೇನೋ ಚೆನ್ನಾಗಿ ಕುಟ್ಟಿದ, ತೋಳಲ್ಲಿ ಬಲ ಇತ್ತಲ್ಲ. ಘಮ್ ಅನ್ನೋ ಪುಡಿ ಮೊರದ ತುಂಬ ಆಯ್ತು.

“ಈಗ ಆ ಪುಡಿ ಹಚ್ಚು. ಒಂದು ಚೂರೂ ಬಿಡದಂಗೆ ಹಚ್ಚು!” ಅಂದು ಹೋಟ್ಲಿಗೆ ಓಡಿದಳು.

ದ್ಯಾವ ಒಲೆಯಿಂದ ಕೊಳ್ಳಿ ಎಳೆದ. ಪುಡಿಗೆ ಹಚ್ಚಿದ. ಕಡ್ಲೆಬೀಜ ಅಂದ್ರೆ ಎಣ್ಣೆಕಾಳು, ಮೊರ ಅಂದ್ರೆ ಒಣ ಬಿದಿರು, ಕೇಳಬೇಕಾ? ಧಗ್ ಅಂತು! ಹೊಗೆ ಹೋಟ್ಲಿಗೆ ನುಗ್ಗಿ, ಗಿರಾಕಿಗಳು ತಟ್ಟೆ ಎತ್ಕೊಂಡು ಬೀದಿಗೆ ಬಂದು ನಿಂತುಕೊಂಡೇ ಉಂಡರು.

“ಒಂದು ಚೂರೂ ಬಿಟ್ಟಿಲ್ಲ ಕಣವ್ವ, ಎಲ್ಲ ಹಚ್ಚಿದ್ದೀನಿ!”

“ಮನೇಗೇ ಕೊಳ್ಳಿ ಇಟ್ಟೆಯಲ್ಲೋ ಮುಂಡೇದೆ!” ನಿಂಗಾಜಮ್ಮ ಒಂದು ಕೊಡ ನೀರು ಬೆಂಕಿಗೆ ಸುರಿದು, ಇನ್ನೊಂದು ಕೊಡ ಮಗನ ತಲೆಗೆ ಸುರಿದಳು. “ಹಚ್ಚು ಅಂದ್ರೆ ಬೆಂಕಿ ಅಲ್ಲ! ಹಚ್ಚು ಅಂದ್ರೆ ಮೆತ್ತು! ಕಡ್ಲೆಬೀಜದ ಪುಡಿ ತಗೊಂಡು ಅಂಗೈಲಿ ಒತ್ತಿ ಒತ್ತಿ ಮೆತ್ತೋದು! ನೆನೆಸಿದ ಮೇಲೆ ಮೆತ್ತು! ಮೆತ್ತಿದ ಮೇಲೆ ಭಟ್ಟಿ! ಹೇಳು!”

“ನೆನೆಸಿದ ಮೇಲೆ ಮೆತ್ತು. ಮೆತ್ತಿದ ಮೇಲೆ ಭಟ್ಟಿ.”

ಮತ್ತೆ ಹುರಿ, ಮತ್ತೆ ಕುಟ್ಟು. ಈ ಸಲ ಕೋಳಿ ಮೈಗೆ ಪುಡಿ ಹೆಂಗೆ ಮೆತ್ತಿದ ಅಂತೀರಿ, ರೇಷ್ಮೆ ಅಂಗಿ ತೊಡಿಸಿದಂಗೆ! ನೋಡಿ ನಿಂಗಾಜಮ್ಮನ ಉಸಿರು ವಾಪಸ್ ಬಂತು. “ಹ್ಞೂ, ಇದು ಕೆಲಸ! ದೇವರ ಮುಂದೆ ದೀಪ ಹಚ್ಚಿ, ಕೋಳಿ ತಟ್ಟೆ ತಗೊಂಡು ಸಾಬ್ರ ಬೇಕರಿಗೆ ಹೋಗು. ಅವರು ಹೇಳಿದಂಗೆ ಕೇಳು.”

ದ್ಯಾವ ಹೋದ ಮೇಲೆ ಕೈ ಮುಗಿಯೋಕೆ ಬಂದಳು. ದೇವರು ಕತ್ತಲಲ್ಲಿ ಕೂತವ್ನೆ. ಕಂಚಿನ ದೀಪಕ್ಕೆ ಬುಡದಿಂದ ಬತ್ತಿ ತನಕ ಕಡ್ಲೆಬೀಜದ ಪುಡಿ ಒತ್ತಿ ಒತ್ತಿ ಮೆತ್ತೈತೆ!

ಬೈಯೋಕೆ ಮಗ ಇಲ್ಲ. ದೇವರಿಗೇ ಬೈದಳು. “ನಗ್ತೀಯಾ? ನಗು! ನೀನು ಕೊಟ್ಟ ಮಗ ತಾನೇ! ನೀನೇ ಸಾಕು, ನೀನೇ ಹೆಣ್ಣು ಹುಡುಕು!” ಬೈದು ಬೈದು ಸಾಕಾಯ್ತು. ಆಮೇಲೆ ಅಳು ಬಂತು. ಅಳೋಕೂ ಪುರುಸೊತ್ತಿಲ್ಲ, ಹೊರಗೆ ಯಾರೋ ಸಾರು ಕೇಳ್ತಿದ್ದರು.

ಅಲ್ಲಿ ಬೇಕರೀಲಿ ಮಸ್ತಾನ್ ಸಾಬ್ರು ಉದ್ದ ಹಲಗೆ ಮೇಲೆ ತಟ್ಟೆ ಇಟ್ಟು ಭಟ್ಟಿಯೊಳಗೆ ತಳ್ಳಿದರು. “ಬಾಯಿ ಮುಚ್ಚಪ್ಪಾ,” ಅಂದು ಗಲ್ಲಾದ ಕಡೆ ಹೋದರು. ದ್ಯಾವ ತುಟಿ ಬಿಗಿಯಾಗಿ ಮುಚ್ಚಿದ.

“ಮುಚ್ಚಿದ್ಯಾ?”

“ಮ್.”

“ಗಟ್ಟಿಯಾಗಿ ಮುಚ್ಚಿದ್ಯಾ?”

“ಮ್ಮ್!”

ಬನ್ನು ಮಾರಿ ಬಂದು ನೋಡಿದರೆ ಭಟ್ಟಿ ಬಾಯಿ ಹಾ ಅಂತ ತೆರೆದೈತೆ, ಶಾಖವೆಲ್ಲ ಬೀದಿ ಪಾಲು. ಕೋಳಿ ಬೆಚ್ಚಗೆ ಮಲಗೈತೆ. ದ್ಯಾವ ಮಾತ್ರ ಉಸಿರು ಕಟ್ಟಿ ಕೆಂಪಗೆ ಬೆಂದವ್ನೆ.

“ಯಾ ಅಲ್ಲಾ!” ಸಾಬ್ರು ಬೊಬ್ಬೆ ಹೊಡೆದರು. “ನಿಂದು ಬಾಯಲ್ಲ, ಭಟ್ಟಿದು ಬಾಯಿ! ಒಳಗೆ ಕೋಳಿ ಹೋದ ತಕ್ಷಣ ಬಾಯಿ ಮುಚ್ಚಬೇಕು! ಮುಚ್ಚಿ ಅದುಮಿ ಹಿಡೀಬೇಕು! ಕೆಂಡದಂಥ ಅವ್ವಂಗೆ ಇಂಥ ಬೂದಿ ಹುಟ್ಟೈತಲ್ಲಾ!”

ಸಾಬ್ರು ಒಳ್ಳೇ ಮನುಷ್ಯ. ಬೈದರು, ಆದರೆ ಸೌದೆ ಹಾಕಿ ಭಟ್ಟಿ ಮತ್ತೆ ಕಾಯಿಸಿದರು. ಕೋಳಿ ಹೊಂಬಣ್ಣಕ್ಕೆ ಬಂತು. ದ್ಯಾವ ತಟ್ಟೆ ಹೊತ್ತು ಮನೆಗೆ ಬರೋದಕ್ಕೂ, ಇಸ್ತ್ರಿ ಮಾಡಿದ ಬಿಳಿ ಅಂಗಿ, ಬಿಳಿ ಪಂಚೆ ಉಟ್ಟ ಮುದ್ದೇಗೌಡ ಬಸ್ಸಿಳಿಯೋದಕ್ಕೂ ಸರಿಹೋಯ್ತು.

ಮಣೆ ಹಾಕಿದರು. ಎಲೆ ಹಾಕಿದರು. ಮುದ್ದೇಗೌಡ ಗಂಟುಮೋರೆ ಹಾಕ್ಕೊಂಡೇ ಕೂತ. ಒಂದು ತುಂಡು ಮುರಿದು ಬಾಯಿಗಿಟ್ಟ. ಕುರುಂ! ಹುಬ್ಬು ಮೇಲೇರಿತು. “ಅಲೆಲೆಲೆ! ಎಣ್ಣೆ ಇಲ್ವಾ? ನಿಜವಾಗ್ಲೂ ಇಲ್ವಾ?” ಇನ್ನೊಂದು ತುಂಡು. ಕುರುಂ ಕುರುಂ! “ನಿಂಗಿ, ಮನಸ್ಸಲ್ಲಿರೋದು ಹೇಳಿಬಿಡ್ತೀನಿ ಕೇಳು. ನನ್ನ ಮಗಳನ್ನ ನಿನ್ನ ಮಗನಿಗೆ...” ಅಂತ ಮೂರನೇ ತುಂಡು ಬಾಯಿಗೆ ಹಾಕಿದ.

ಕೋಳಿ ಬಡಿಸಿ ನೀರು ತರೋಕೆ ಹೋಗಿದ್ದ ದ್ಯಾವ ಆಗಷ್ಟೇ ಬಂದ. ಒಳಗೆ ಕೋಳಿ ಹೋಯ್ತಲ್ಲ! ದ್ಯಾವ ಹಾರಿ ಬಂದು ಎರಡೂ ಕೈಲಿ ಮಾವನ ಬಾಯಿ ಮುಚ್ಚಿದ! ಮುಚ್ಚಿ ಅದುಮಿ ಹಿಡಿದ!

“ಮ್! ಮ್ಮ್!” ಮುದ್ದೇಗೌಡನ ಕಣ್ಣುಗುಡ್ಡೆ ಹೊರಗೆ ಬಂತು.

“ಬಿಡ್ಲಾ! ಬಿಡ್ಲಾ ಪಾಪಿ!” ನಿಂಗಾಜಮ್ಮ ಸೌಟು ತಗೊಂಡು ಮಗನ ಬೆನ್ನಿಗೆ ಬಾರಿಸಿದಳು. “ಏನು ಹೇಳ್ತಾನೆ ಅಂತ ನಾನು ಜೀವ ಹಿಡ್ಕೊಂಡು ನಿಂತಿದ್ರೆ, ಅದೇ ಬಾಯಿ ಮುಚ್ತೀಯಲ್ಲೋ!”

ಮುದ್ದೇಗೌಡ ಎದ್ದುಬಿಟ್ಟ. “ಇಂಥ ಕೋಣಕ್ಕೆ ಹೆಣ್ಣು ಕೊಡೋದಾ? ಬಾವಿಗೆ ಬೇಕಾದ್ರೆ ತಳ್ತೀನಿ!” ಅಂದ. ಅಂದೋನು ಅಗಿದ. ಅಗಿದಂಗೆ ಅಗಿದಂಗೆ ಸಿಟ್ಟು ಇಳೀತು. ಎಲೇಲಿ ಇನ್ನೊಂದು ಕಾಲು ಉಳಿದಿತ್ತು. ನೋಡಿದ. ಕೂತ. ಅದನ್ನೂ ಮುಗಿಸಿ ಬೆರಳು ನೆಕ್ಕಿದ.

“ಪೆದ್ದ, ಅದರಲ್ಲಿ ಎರಡು ಮಾತಿಲ್ಲ,” ಅಂದ. “ಆದ್ರೆ ಕೈ ಚೆಂದಾಗೈತೆ. ಹೇಳಿದ್ದು ಮಾಡ್ತಾನೆ. ನನ್ನ ಚಂದ್ರಿ ಹೇಳೋದ್ರಲ್ಲಿ ಗಟ್ಟಿಗಿತ್ತಿ. ಅವಳು ಹೇಳ್ಲಿ, ಇವನು ಮಾಡ್ಲಿ. ತಗೊಳವ್ವ, ಹೆಣ್ಣು ಕೊಟ್ಟೆ!”

ನಿಂಗಾಜಮ್ಮನ ಕೈಯಿಂದ ಸೌಟು ಬಿತ್ತು. ಎಷ್ಟು ವರ್ಷದ ಉರಿ! ಒಂದೇ ಮಾತಿಗೆ ತಣ್ಣಗಾಯ್ತು. ಗಂಡನ ಪಟದ ಕಡೆ ನೋಡಿದಳು. ಮೀಸೇಲಿ ಇನ್ನೂ ಮೊಸರಿತ್ತು. ಅದಕ್ಕೂ ನಕ್ಕಳು. ಅಣ್ಣನಿಗೆ ಎಲೆ ಅಡಿಕೆ ಕೊಟ್ಟಳು.

ಇಷ್ಟಕ್ಕೇ ಆ ಮನುಷ್ಯ ಚಪ್ಪಲಿ ಮೆಟ್ಟಿ ಹೋಗಬಾರದಿತ್ತಾ? ಹೋಗಲಿಲ್ಲ! ಹೊಸ್ತಿಲ ಹತ್ತಿರ ನಿಂತು, ಅಳಿಯನ ಬೆನ್ನು ತಟ್ಟಿ, ಬಾಯಿ ತುಂಬ ಹೇಳಿದ: “ಬರ್ಲಾ ಅಳಿಯ? ಈ ಮಾವನ್ನ ಆಗಾಗ ನೆನೆಸಪ್ಪಾ!”

“ಅಣ್ಣಯ್ಯಾ, ಆ ಮಾತು ಬೇಡಾ...” ಅಂತ ನಿಂಗಾಜಮ್ಮ ಕಿರುಚಿದಳು. ಆಡಿದ ಮಾತು ಆಡಿ ಆಗಿತ್ತು.

ದ್ಯಾವ ಮಾವನ್ನ ಅಡಿಯಿಂದ ಮುಡಿವರೆಗೆ ನೋಡಿದ. ಪಟ ಅಲ್ಲ. ಬದುಕಿರೋ ಮನ್ಸ. ಮಾತು ಬೇರೆ. ಒಳಗೆ ಓಡಿದ, ಮಸಾಲೆ ಮೊಸರಿನ ಗಡಿಗೆ ಎತ್ಕೊಂಡು ಬಂದ, ಮಾವನ ತಲೆ ಮೇಲೆ ಬೋರಲು ಹಾಕಿದ! ಖಾರ ಕಣ್ಣಿಗಿಳಿದು ಮುದ್ದೇಗೌಡ ಕುಣೀತಿರೋವಾಗಲೇ, ಉಳಿದ ಕಡ್ಲೆಬೀಜದ ಪುಡಿ ತಂದು ಎದೆಗೆ, ಬೆನ್ನಿಗೆ, ಬೋಳುತಲೆಗೆ ಅಂಗೈಲಿ ಒತ್ತಿ ಒತ್ತಿ ಮೆತ್ತಿದ. ಅವ್ವ ಕೂಗ್ತಾಳೆ, ಮಾವ ಬೈತಾನೆ, ಬೀದಿಯೇ ನೆರೆದೈತೆ. ದ್ಯಾವ ಯಾವುದಕ್ಕೂ ಜಗ್ಗಲಿಲ್ಲ. ಮಾವನ್ನ ಮೂಟೆ ಎತ್ತಿದಂಗೆ ಎತ್ತಿ ಹೆಗಲಿಗೆ ಹಾಕ್ಕೊಂಡು ಬೇಕರಿ ಕಡೆ ನಡೆದ.

“ಒದ್ದಾಡಬೇಡಿ ಮಾವ, ಪುಡಿ ಉದುರ್ತದೆ,” ಅಂದ. “ಒಂದು ತೊಟ್ಟು ಎಣ್ಣೆ ತಾಗಿಸಿಲ್ಲ, ಡಾಕ್ಟ್ರಿಗೆ ಬೇಕಾದ್ರೂ ತೋರಿಸಿ. ಸಾಬ್ರೇ, ಭಟ್ಟಿ ಬಾಯಿ ತೆಗೀರಿ! ಈ ಸಲ ನಾನೇ ಮುಚ್ತೀನಿ!”