ರುಚಿ ಕಳೆದುಕೊಂಡವಳ ಖಾನಾವಳಿ

“ಸರ್, ಜನ ಮೆಚ್ಚಿದ್ದನ್ನೇ ಸರಿಯೆಂದು ಕಲಿಯುವ ಹಾಗೆ ನಾವು ಯಂತ್ರವನ್ನು ಪಳಗಿಸಿದೆವು. ಮೆಚ್ಚುಗೆಯಿಂದ ಕಲಿತದ್ದು ಎಲ್ಲವನ್ನೂ ಹೊಗಳುವ ಹಾಗೆ ದಾರಿ ತಪ್ಪಿದ್ದು ಹೇಗೆ?”

ಕೇಳಿದವಳು ನಿರುಪಮಾ. ಕಂಪ್ಯೂಟರ್, ಕೃತಕ ಬುದ್ಧಿಮತ್ತೆ ಅಂದರೇನೆಂದು ಊರೂರಿಗೆ ಹೋಗಿ ಜನಕ್ಕೆ ತಿಳಿಸುವ ಸಂಶೋಧಕ ಚನ್ನವೀರಯ್ಯನವರ ಶಿಷ್ಯೆ. ಅಂದಿನ ಸಭೆಯಲ್ಲಿ ಒಬ್ಬರು ಎದ್ದು, ತಾವು ಬರೆದ ಪದ್ಯಗಳನ್ನೆಲ್ಲ ಯಂತ್ರ ಅದ್ಭುತ ಅನ್ನುತ್ತದೆ, ನಂಬಬಹುದೇ ಎಂದಿದ್ದರು. ನಿರುಪಮಾ ಅದನ್ನು ನಾಳೆಗೆ ಮುಂದೂಡಿದ್ದಳು. ನಾಳೆಯ ಸಭೆಯಲ್ಲಿ ಅವಳೇ ಉತ್ತರ ಹೇಳಬೇಕು.

ಗುರುಗಳು ಹೇಳತೊಡಗಿದರು.

ಹಿಂದೆ ಒಬ್ಬ ಹೆಂಗಸು ಖಾನಾವಳಿ ನಡೆಸುತ್ತಿದ್ದಳು. ಒಮ್ಮೆ ಬಂದ ಜ್ವರ ಹೋಗುವಾಗ ಅವಳ ನಾಲಿಗೆಯ ರುಚಿಯನ್ನೂ ಕೊಂಡುಹೋಯಿತು. ಅವಳಿಗೆ ಉಪ್ಪೂ ಒಂದೇ, ಸಕ್ಕರೆಯೂ ಒಂದೇ. ಆದರೂ ಖಾನಾವಳಿ ನಡೆಯಿತು, ಗಂಡನಿದ್ದ. ಮಹಾ ತಕರಾರಿನ ಮನುಷ್ಯ. ಮೊದಲ ತುತ್ತು ಅವನದೇ. “ಉಪ್ಪು ಕಡಿಮಿ, ಹುಳಿ ಜಾಸ್ತಿ ಆಗೇದ,” ಎಂದು ಗೊಣಗುವನು. ಅವಳು ಸಿಡುಕುತ್ತಲೇ ಸರಿಮಾಡುವಳು. ಊರೆಲ್ಲ ಅವಳ ಕೈರುಚಿಯನ್ನು ಹೊಗಳುತ್ತಿತ್ತು.

ಗಂಡ ತೀರಿಕೊಂಡ. ಪಾಪ, ದುಃಖದಲ್ಲಿದ್ದಾಳೆ ಎಂದು ಉಣ್ಣಲು ಬಂದವರು ಏನು ಬಡಿಸಿದರೂ ಹೊಗಳಿದರು. ಒಂದು ದಿನ ಕೈತಪ್ಪಿ ಸಾರಿಗೆ ಉಪ್ಪು ಹೆಚ್ಚು ಬಿತ್ತು. ತಾವು ಮುಖ ಕಿವುಚಿದ್ದು ಎಲ್ಲಿ ಅವಳಿಗೆ ಕಂಡೀತೋ ಎಂದು ಜನ ಅಂದು ಇನ್ನೂ ಜೋರಾಗಿ ಹೊಗಳಿದರು. ಅವಳು ಹಿಗ್ಗಿದಳು. ಹದ ಸಿಕ್ಕಿತು ಅಂದುಕೊಂಡಳು. ಮರುದಿನ ಇನ್ನೊಂದಿಷ್ಟು ಹಾಕಿದಳು. ಹೊಗಳಿಕೆಯೂ ಏರಿತು, ಉಪ್ಪೂ ಏರಿತು. ಉಣ್ಣುವವರು ಮಾತ್ರ ಒಬ್ಬೊಬ್ಬರಾಗಿ ಬರುವುದು ಬಿಟ್ಟರು.

ಕೊನೆಗೆ ಉಳಿದವನು ಗಂಡನ ಗೆಳೆಯನೊಬ್ಬ. ಅವಳು ಸೌಟು ಕೆಳಗಿಟ್ಟು ಅವನೆದುರು ಕೂತಳು.

“ಖರೇ ಹೇಳ್ರಿ ಅಣ್ಣಾ, ಜನ ಯಾಕ ಬರವಲ್ರು? ನಂದೇನರ ತಪ್ಪಾಗೇದೇನು?”

ಅವನು ಅವಳ ಮುಖ ನೋಡಿದ. ತಂಬಿಗೆ ಎತ್ತಿ ಗಟಗಟ ನೀರು ಕುಡಿದ. “ಏನಿಲ್ಲ ತಂಗಿ. ಅಮೃತ ಆಗೇದ ನೋಡು,” ಎಂದ.

ಮರುದಿನ ಅವನೂ ಬರಲಿಲ್ಲ. ಅವಳು ಗಂಡನ ತಟ್ಟೆಗೆ ಬಡಿಸಿ ಅದರ ಮುಂದೆ ಕೂತಳು. ಅವನಿದ್ದಾಗ ಆ ಗೊಣಗಾಟ ಸಾಕಪ್ಪಾ ಸಾಕು ಅನ್ನಿಸುತ್ತಿತ್ತು. ಒಲೆಯ ಮುಂದೆ ದಿನಾ ಆಡುತ್ತಿದ್ದ ಆ ಜಗಳವೆಲ್ಲ ನೆನಪಾಯಿತು. ಈಗ ಅವನೊಮ್ಮೆ ಬಂದು ಬೈದಿದ್ದರೂ ಅವಳಿಗೆ ಹಾಯೆನಿಸುತ್ತಿತ್ತು. ಎಲ್ಲಿ ತಪ್ಪಿತೆಂದು ತಿಳಿಯದೆ ಅತ್ತಳು. ಖಾನಾವಳಿ ಮುಚ್ಚಿತು.

ಗುರುಗಳು ಇಷ್ಟು ಹೇಳಿ ನಿಲ್ಲಿಸಿದರು.

“ಯಂತ್ರಕ್ಕೂ ನಾಲಿಗೆಯಿಲ್ಲ, ಅರ್ಥವಾಯಿತು ಸರ್,” ಎಂದಳು ನಿರುಪಮಾ. “ಅದು ನಮ್ಮನ್ನು ಹೊಗಳಿದಾಗಲೆಲ್ಲ ನಾವು ಮೆಚ್ಚಿದೆವು, ಅದನ್ನೇ ಅದು ಹದ ಅಂದುಕೊಂಡಿತು. ಆದರೆ ಆ ಜನ ಎಂಥವರು? ಗೊತ್ತಿದ್ದವರು ಒಬ್ಬರಾದರೂ ಬಾಯಿಬಿಟ್ಟು ಹೇಳಬಾರದಿತ್ತೇ?”

“ಇವತ್ತು ಸಭೆಯಲ್ಲಿ ನಾನೊಂದು ತಪ್ಪು ಹೇಳಿದ್ದು ನಿನಗೆ ಗೊತ್ತಾಗಿತ್ತು, ಆದರೂ ನೀನು ಚಪ್ಪಾಳೆ ತಟ್ಟಿದೆಯಲ್ಲಮ್ಮ,” ಎಂದರು ಗುರುಗಳು.