ಅಮ್ಮ ಮಾಡಿದ ಹಾಗೆ ಬಂದಿಲ್ಲ

ಶಿಷ್ಯನೊಬ್ಬ ಗುರುವಿನ ಬಳಿ ಬಂದು ಕೇಳಿದ: "ನನ್ನ ಮೊದಲ ಗುರುಗಳು ತೀರಿಕೊಂಡ ಮೇಲೆ ನಿಮ್ಮಲ್ಲಿಗೆ ಬಂದೆ. ಆರು ವರ್ಷವಾಯಿತು. ನೀವು ಪಾಠ ಹೇಳುವಾಗಲೂ ಅವರ ದನಿಯೇ ಕಿವಿಯಲ್ಲಿರುತ್ತದೆ. ಅವರು ಹೇಳಿದ ಹಾಗೆ ಯಾರೂ ಹೇಳಲಾರರು ಅನ್ನಿಸುತ್ತದೆ. ಈ ಹಂಬಲ ಯಾವಾಗ ತೀರುತ್ತದೆ, ಗುರುಗಳೇ?"

ಗುರು ಒಂದು ಕತೆ ಹೇಳತೊಡಗಿದರು.

ಒಂದು ಪೇಟೆಯಲ್ಲಿ ಒಬ್ಬ ಬಟ್ಟೆ ವ್ಯಾಪಾರಿಯಿದ್ದ. ಅವನು ಚಿಕ್ಕವನಿದ್ದಾಗ ತಾಯಿ ಮನೆಯಲ್ಲೇ ನಾನ್‌ಖಟಾಯಿ ಮಾಡುತ್ತಿದ್ದಳು. ತುಪ್ಪ, ಸಕ್ಕರೆಯನ್ನು ಅಂಗೈಯಿಂದ ಬೆಳ್ಳಗಾಗುವ ತನಕ ಉಜ್ಜಿ, ಮೈದಾ ಕಲಸಿ, ಬಿಲ್ಲೆ ತಟ್ಟಿ, ಪಾತ್ರೆಯ ಕೆಳಗೂ ಮುಚ್ಚಳದ ಮೇಲೂ ಕೆಂಡವಿಟ್ಟು ಬೇಯಿಸುವಳು. ಬಾಯಿಗೆ ಹಾಕಿದರೆ ಕರಗಿ ಹೋಗುತ್ತಿತ್ತು. ಅವನಿಗೆ ಹನ್ನೆರಡು ತುಂಬುವ ಮೊದಲೇ ಆಕೆ ತೀರಿಕೊಂಡಳು.

ಮದುವೆಯಾದ ಹೊಸದರಲ್ಲಿ ಅವನು ಇದನ್ನು ಹೆಂಡತಿಗೆ ಹೇಳಿದ. ಅವಳು ಆ ಮಾತನ್ನು ಮನಸ್ಸಿಗೆ ಹಚ್ಚಿಕೊಂಡಳು. ನೆರೆಮನೆಯವರನ್ನು ಕೇಳಿ ಕಲಿತು, ಒಂದು ಮಧ್ಯಾಹ್ನ ನಾನ್‌ಖಟಾಯಿ ಮಾಡಿ ತಟ್ಟೆಯಲ್ಲಿ ತಂದಿಟ್ಟಳು. ಅವನು ಒಂದನ್ನು ತಿಂದು, ಕಣ್ಣು ಮುಚ್ಚಿ ಯೋಚಿಸಿ, "ಅಮ್ಮ ಮಾಡಿದ ಹಾಗೆ ಬಂದಿಲ್ಲ" ಎಂದ.

ಅವನು ಕೆಟ್ಟವನಲ್ಲ. ಅನ್ನಿಸಿದ್ದನ್ನು ಹೇಳಿದ, ಅಷ್ಟೆ. ಅಂಗಡಿಗೆ ಬಂದ ಹೆಂಗಸರಿಗೆಲ್ಲ ಈ ಬಣ್ಣ ನಿಮಗೆ ಎಷ್ಟು ಒಪ್ಪುತ್ತದೆ ಎಂದು ದಿನವಿಡೀ ಹೇಳುವವನಿಗೆ, ಮನೆಯಲ್ಲಿ ಅಂಥ ಮಾತು ಬೇಕೆಂದು ಹೊಳೆಯಲೇ ಇಲ್ಲ. ಇಪ್ಪತ್ತೆಂಟು ವರ್ಷ ಅವಳು ಮಾಡಿದಳು. ಇಪ್ಪತ್ತೆಂಟು ವರ್ಷ ಅವನು ಡಬ್ಬಿ ಖಾಲಿಯಾಗುವ ತನಕ ತಿಂದ, ಪ್ರತಿ ಸಲವೂ ಅದನ್ನೇ ಹೇಳಿದ.

ಒಂದು ವರ್ಷ ಜ್ವರ ಬಂದು ಹೆಂಡತಿಯೂ ತೀರಿಕೊಂಡಳು.

ಕರ್ಮಗಳೆಲ್ಲ ಮುಗಿದು ನೆಂಟರು ಹೊರಟುಹೋದ ಮೇಲೆ, ನೆಲುವಿನ ಡಬ್ಬಿಯಲ್ಲಿ ನಾಲ್ಕು ನಾನ್‌ಖಟಾಯಿ ಉಳಿದಿದ್ದವು. ದಿನಕ್ಕೊಂದರಂತೆ ತಿಂದ. ನಾಲ್ಕನೆಯ ದಿನ ಅರ್ಧ ತಿಂದು, ಉಳಿದರ್ಧವನ್ನು ಕೈಯಲ್ಲಿ ಹಿಡಿದು ಬಹಳ ಹೊತ್ತು ಕೂತ. ತಾಯಿ ಮಾಡಿದ್ದು ಹೇಗಿತ್ತು ಎಂದು ನೆನೆಯಲು ನೋಡಿದ. ನೆನಪಾಗಲಿಲ್ಲ. ನಾಲಿಗೆಯ ಮೇಲೆ ಹೆಂಡತಿಯ ಕೈರುಚಿಯೊಂದೇ ಇತ್ತು.

ಅಂದಿನಿಂದ ಅವನಿಗೆ ಅದೇ ಬೇಕೆನ್ನಿಸತೊಡಗಿತು. ತಾನೇ ಕಲಸಿ, ತಾನೇ ಕೆಂಡವಿಟ್ಟು ಬೇಯಿಸಿದ. ಒಂದು ಸಲ ತಳ ಸೀದಿತು. ಇನ್ನೊಂದು ಸಲ ಬಿಲ್ಲೆಗಳು ಹರಡಿಕೊಂಡು ಒಂದೇ ರೊಟ್ಟಿಯಾದವು. ಬೇಸಗೆಯುದ್ದಕ್ಕೂ ಮಾಡಿ ಸೋತು, ಕೊನೆಗೆ ಪಕ್ಕದ ಊರಿನಲ್ಲಿದ್ದ ನಾದಿನಿಯ ಮನೆಗೆ ಹೋದ.

"ನಿನ್ನ ಅಕ್ಕ ಅದನ್ನು ಹೇಗೆ ಮಾಡುತ್ತಿದ್ದಳು? ನಿನಗಾದರೂ ಗೊತ್ತಿರಬೇಕಲ್ಲಮ್ಮ" ಎಂದು ಕೇಳಿದ.

ನಾದಿನಿ ಹೇಳಿದಳು: "ನಮ್ಮ ತವರಿನಲ್ಲಿ ಅದನ್ನು ಯಾರೂ ಮಾಡಿದವರಲ್ಲ, ಭಾವ. ನಿಮಗಾಗಿ ಕಲಿತಳು. ಒಂದು ಸಲ ತುಪ್ಪ ಹೆಚ್ಚಿಸುವಳು, ಒಂದು ಸಲ ರವೆ ಬೆರೆಸುವಳು. ಇಲ್ಲಿಗೆ ಬಂದಾಗಲೆಲ್ಲ ಒಂದು ಡಬ್ಬಿ ತಂದು, ಇದರಲ್ಲಿ ಏನು ಕಡಿಮೆಯಾಗಿದೆ, ತಿಂದು ಹೇಳೇ ಅನ್ನುವಳು. ಏನೂ ಕಡಿಮೆ ಇರುತ್ತಿರಲಿಲ್ಲ. ಕಣ್ಣಲ್ಲೂ ನೋಡದ ಅತ್ತೆಯ ಕೈರುಚಿಯನ್ನು ಅವಳು ಎಲ್ಲಿಂದ ತರಬೇಕಿತ್ತು?"

"ಚೆನ್ನಾಗಿತ್ತಮ್ಮ. ಬಹಳ ಚೆನ್ನಾಗಿತ್ತು" ಎಂದ ವ್ಯಾಪಾರಿ.

"ಅದನ್ನು ನನಗೇಕೆ ಹೇಳುತ್ತೀರಿ, ಭಾವ?" ಎಂದಳು ಅವಳು.

ಅವನು ಎದ್ದು, ಚಪ್ಪಲಿ ಮೆಟ್ಟಿ, ಬಂದ ದಾರಿಯಲ್ಲೇ ನಡೆದುಹೋದ.

ಇಷ್ಟು ಹೇಳಿ ಗುರು ನಿಲ್ಲಿಸಿದರು. ಶಿಷ್ಯ ಮೆಲ್ಲನೆ, "ಆಮೇಲೆ ಅವನ ಹಂಬಲ ತೀರಿತೇ, ಗುರುಗಳೇ?" ಎಂದು ಕೇಳಿದ.

"ನನಗೂ ಈಗ ಎಪ್ಪತ್ತೆಂಟಾಯಿತು, ಮಗು" ಎಂದರು ಗುರು.

ಶಿಷ್ಯ ಹತ್ತಿರ ಸರಿದು ಕೂತು, "ಇಂದಿನ ಪಾಠವನ್ನು ಇನ್ನೊಮ್ಮೆ ಹೇಳಿ, ಗುರುಗಳೇ" ಎಂದ.